ಬೋರಲು ಹಾಕಿದ ಬಟ್ಟಲು

ಗಡಿಗೆಯ ಬಾಯಿಗೆ ಒಂದು ಬಟ್ಟಲನ್ನು ಬೋರಲು ಹಾಕಿದ್ದರು. ಹಾಲಿಗೆ ಕಸ ಬೀಳದಿರಲೆಂದು ನಾವು ಮುಚ್ಚುತ್ತೇವಲ್ಲ, ಹಾಗೆ. ನಾಲ್ಕು ಸಾವಿರ ವರ್ಷ ಮಣ್ಣಿನಡಿಯಲ್ಲಿದ್ದರೂ ಆ ಬಟ್ಟಲು ಒಂದಿಷ್ಟೂ ಸರಿದಿರಲಿಲ್ಲ.

ಅಗೆದ ಹೊಂಡದ ಅಂಚಿನಲ್ಲಿ ನನ್ನ ಹನ್ನೊಂದು ವಿದ್ಯಾರ್ಥಿನಿಯರು ಮೊಣಕಾಲೂರಿ ಬಗ್ಗಿ ನೋಡುತ್ತಿದ್ದರು. ನಾನು ಆಗ ಹೆಣ್ಣುಮಕ್ಕಳ ಶಾಲೆಯಲ್ಲಿ ಚರಿತ್ರೆ ಕಲಿಸುತ್ತಿದ್ದೆ. ಪಠ್ಯಪುಸ್ತಕದಲ್ಲಿ ಅರಸರಿಗೆ ನೂರು ಪುಟವಿದ್ದರೆ, ಅವರಿಗಿಂತ ಹಿಂದೆ ಇದೇ ನೆಲದಲ್ಲಿ ದನ ಕಾಯ್ದು, ರಾಗಿ ಬೀಸಿ ಬದುಕಿದವರಿಗೆ ಅರ್ಧ ಪುಟವಿತ್ತು. ಅವರು ಸಗಣಿ ಸುಟ್ಟು ಸುಟ್ಟು ಎದ್ದ ಊರಾಚೆಯ ಬೂದಿದಿಬ್ಬವನ್ನು ಅಗೆಯಲು ಸರಕಾರದವರು ಬಂದಾಗ, ಆ ಅರ್ಧ ಪುಟವನ್ನು ಮಕ್ಕಳು ಕಣ್ಣಾರೆ ನೋಡಲಿ ಎಂದು ಪ್ರತಿ ಗುರುವಾರ ಕರೆದೊಯ್ಯುತ್ತಿದ್ದೆ.

ಉತ್ಖನನದ ಅಧಿಕಾರಿ ಧರಣೇಂದ್ರಪ್ಪನವರು ಎರಡೂ ಕೈಯಿಂದ ಬಟ್ಟಲನ್ನೆತ್ತಿದರು. ಗಡಿಗೆಯೊಳಗೆ ಹಕ್ಕಿಯವೇನೋ ಎನ್ನುವಷ್ಟು ಸಣ್ಣ ಮೂಳೆಗಳಿದ್ದವು.

"ಕೂಸು. ವರ್ಷ ತುಂಬಿರಾಕಿಲ್ಲ" ಎಂದರು ಅವರು.

ಹುಲಿಗೆಮ್ಮ ಕೇಳದೆ ಬಿಡುವ ಹುಡುಗಿಯಲ್ಲ. "ಅಕ್ಕೋರೆ, ಇದು ಮನಿ ಒಳಗ ಐತಲ್ರೀ? ಅಲ್ನೋಡ್ರಿ, ಮಗ್ಗಲಕ್ಕ ಒಲಿ. ಮನ್ಯಾಗ ಯಾಕ ಹೂಳಿದ್ರು? ಹೆದ್ರಿಕಿ ಆಗಲಿಲ್ಲೇನ್ರಿ ಅವರಿಗೆ?"

"ಅದು ಅವರ ನಂಬಿಕೆ ಆಗಿತ್ತವ್ವ" ಎಂದೆ. ಪುಸ್ತಕದಲ್ಲಿದ್ದ ಮಾತೇ ಅದು.

"ನಂಬಿಕಿ ಅಂದ್ರ? ಏನಂತ ನಂಬಿದ್ರು?"

ಹೊತ್ತಾಯಿತೆಂದು ಮಕ್ಕಳನ್ನು ಎಬ್ಬಿಸಿದೆ.

ನಮ್ಮ ಕಡೆ ವರ್ಷ ತುಂಬದ ಕೂಸು ಹೋದರೆ ಸುಡುವುದಿಲ್ಲ, ಹೂಳುತ್ತಾರೆ. ತಂದೆ ಒಬ್ಬನೇ ಹೆಗಲ ಮೇಲೆ ಹಾಕಿಕೊಂಡು ಹೋಗಬೇಕು. ತಾಯಿ ಹೊಸ್ತಿಲು ದಾಟಬಾರದು, ಎಲ್ಲಿ ಎಂದು ಕೇಳಬಾರದು. ಅವನೂ ಗುರುತಿಗೆ ಒಂದು ಕಲ್ಲು ಸಹ ಇಡಬಾರದು. ತಾಯಿ ಅಲ್ಲಿಗೆ ಹೋಗಿ ಅಳುತ್ತಾ ಕುಳಿತರೆ ಮುಂದಿನ ಕೂಸು ಹೊಟ್ಟೆಗೆ ಬರುವುದಿಲ್ಲವಂತೆ. ನನ್ನ ವರದಾ ಹತ್ತನೆಯ ತಿಂಗಳಲ್ಲಿ ಹೋದಳು. ನಾನು ಹೊಸ್ತಿಲು ದಾಟಲಿಲ್ಲ. ಕೇಳಲೂ ಇಲ್ಲ. ಮುಂದಿನ ಕೂಸೂ ಬರಲಿಲ್ಲ. ಒಂಬತ್ತು ವರ್ಷ ದಿನಾ ಸಂಜೆ ದೇವರ ಮುಂದೆ ದೀಪ ಹಚ್ಚಿದಾಗ ನಾನು ಬೇಡುತ್ತಿದ್ದುದು ಒಂದೇ: ಅವಳು ಎಲ್ಲಿದ್ದಾಳೆಂದು ಒಮ್ಮೆ ತಿಳಿಸು ತಂದೆ, ಆ ದಿಕ್ಕಿಗೆ ಕೈ ಮುಗಿಯುತ್ತೇನೆ.

ನಮ್ಮವರು ಅಂಚೆ ಕಚೇರಿಯಲ್ಲಿದ್ದರು. ಮೊದಲೇ ಮಾತು ಕಡಿಮೆ. ದಿಬ್ಬದ ಅಗೆತ ಶುರುವಾದ ಮೇಲೆ ಇನ್ನಷ್ಟು ಕಡಿಮೆಯಾಯಿತು. ಬೆಳಿಗ್ಗೆ ಕಚೇರಿಗೆ ಮುಂಚೆ ಅಲ್ಲಿಗೆ ಹೋಗಿ ಒಂದು ಬಂಡೆಯ ಮೇಲೆ ಕುಳಿತಿರುತ್ತಿದ್ದರು. ನಾಳೆ ಯಾವ ಕಡೆ ಅಗೆಯುತ್ತೀರಿ ಎಂದು ಕೇಳುತ್ತಿದ್ದರಂತೆ. ಕೂಲಿಯವರು ನನ್ನನ್ನು ಕಂಡರೆ ನಗುತ್ತಿದ್ದರು. "ಅಕ್ಕೋರೆ, ನಿಮ್ಮ ಯಜಮಾನರಿಗೆ ಒಂದು ಗುದ್ದಲಿ ಕೊಟ್ಟು ಹಾಜರಿ ಹಾಕ್ತೀವ್ರಿ." ಚರಿತ್ರೆಯ ಹುಚ್ಚು ನನ್ನಿಂದ ಅವರಿಗೂ ಹತ್ತಿತು ಎಂದು ನಾನು ಒಳಗೊಳಗೇ ಸಂತೋಷಪಟ್ಟಿದ್ದೆ.

ಧರಣೇಂದ್ರಪ್ಪನವರು ಒಮ್ಮೆ ಮಕ್ಕಳಿಗೆ ಪದರಗಳನ್ನು ತೋರಿಸಿದ್ದರು. "ಮೇಲಿನ ಎರಡು ಮೂರು ಅಡಿ ನಮ್ಮ ಕಾಲದ ಕಸ. ಅದನ್ನ ತೆಗೆದು ಆ ರಾಶಿಗೆ ಹಾಕ್ತೀವಿ. ಅದರ ಕೆಳಗಿಂದ ಚರಿತ್ರೆ ಶುರು." ನಾನು ತರಗತಿಯಲ್ಲಿ ಆ ಮಾತನ್ನೇ ಹಲಗೆಯ ಮೇಲೆ ಬರೆದೆ: ಮೇಲಿನದು ಕಸ. ನನ್ನ ಕೈಯಿಂದಲೇ ಬರೆದೆ.

ರಾಶಿಯಲ್ಲಿ ಸಿಕ್ಕ ಒಡಕು ಚೂರುಗಳನ್ನು ಶಾಲೆಗೆ ಒಯ್ಯಲು ಅವರ ಅಪ್ಪಣೆಯಿತ್ತು. ನಮ್ಮಲ್ಲೊಂದು ನಿಯಮವಿತ್ತು. ಪ್ರತಿ ವಸ್ತುವಿಗೂ ಚೀಟಿ ಕಟ್ಟಬೇಕು. ಏನು, ಎಲ್ಲಿ ಸಿಕ್ಕಿತು, ಎಷ್ಟು ವರ್ಷದ್ದು ಎಂದು ಬರೆಯಬೇಕು. ಒಂದು ಶುಕ್ರವಾರ ಹುಲಿಗೆಮ್ಮ ಮುಷ್ಟಿ ಬಿಗಿಹಿಡಿದು ಓಡಿಬಂದಳು.

"ಅಕ್ಕೋರೆ, ಕಣ್ಣು ಮುಚ್ರಿ. ಹಾಂ, ಈಗ ನೋಡ್ರಿ! ನಾಲ್ಕು ಸಾವಿರ ವರ್ಷದ ಬಳಿ!"

ಹಸಿರುಗಟ್ಟಿದ ತಾಮ್ರದ ತಂತಿ. ಅದರಲ್ಲಿ ಏಳು ಕರಿಮಣಿ, ನಡುವೆ ಒಂದು ಮುಕ್ಕಾದ ಹವಳ. ದೃಷ್ಟಿಯಾಗದಿರಲೆಂದು ಕಟ್ಟಿದ ದಾರವನ್ನೆಲ್ಲ ವರದಾ ಚೀಪಿ ಚೀಪಿ ಹರಿಯುತ್ತಿದ್ದಳು. ಅದಕ್ಕೆ ನನ್ನ ಅಪ್ಪ ತಂತಿಯಲ್ಲಿ ಪೋಣಿಸಿಕೊಟ್ಟಿದ್ದ. ಹವಳ ನನ್ನ ಮದುವೆಯ ಸರದ್ದು.

ಹೇಗೋ ನಿಯಮದ ಮಾತೇ ಬಾಯಿಗೆ ಬಂತು. "ಎಲ್ಲಿ ಸಿಕ್ತು?"

"ರಾಶ್ಯಾಗ್ರಿ. ಮೊನ್ನಿ ತಂದು ಸುರುವಿದ ಮಣ್ಣಿನಾಗ."

"ಹುಲಿಗೆಮ್ಮ, ಇದು ಅಷ್ಟು ಹಳೇದಲ್ಲವ್ವ."

ಅವಳ ಮುಖ ಬಾಡಿತು. "ಮತ್ತ ಎಷ್ಟು ವರ್ಷದ್ದ್ರಿ?"

ಅವಳು ಹುಟ್ಟಿದ ವರ್ಷ ನನ್ನ ಹಾಜರಿ ಪುಸ್ತಕದಲ್ಲಿತ್ತು. ವರದಾ ಹುಟ್ಟಿದ್ದೂ ಅದೇ ವರ್ಷ. "ನಿನ್ನ ವಾರಿಗೆಯ ಹುಡುಗೀದು" ಎಂದೆ. "ನನಗ ಕೊಡ್ತೀಯಾ?"

ಅವಳು ನನ್ನ ಮುಖವನ್ನೇ ನೋಡಿದಳು. ಅವಳಿಗೆ ಏನು ಅರ್ಥವಾಯಿತೋ ನಾನರಿಯೆ. "ತಗೋರಿ. ಆದ್ರ ಚೀಟಿ ಮಾತ್ರ ನಾನ ಬರಿಯಾಕಿ" ಎಂದು ಕುಳಿತು ಬರೆದಳು: ಬಳೆ. ಮಣ್ಣಿನ ರಾಶಿಯಲ್ಲಿ ಸಿಕ್ಕಿತು. ವಯಸ್ಸು ನನ್ನಷ್ಟೇ.

ಸಂಜೆ ಅದನ್ನು ನಮ್ಮವರ ಮುಂದಿಟ್ಟೆ.

"ದಿಬ್ಬದ ಬೂದಿ ಮೆತ್ತಗಿತ್ತು" ಎಂದರು. "ಗುದ್ದಲಿ ಹಾಕಾಕ ಮನಸ್ಸು ಬರಲಿಲ್ಲ. ಕೈಲೇ ತೋಡಿದೆ. ದಿನಾ ಹೋಗಿ ಕಾಯ್ತಿದ್ದೆ, ಆ ಕಡೆ ಬಂದ್ರ ಕಾಲು ಹಿಡದಾದ್ರೂ ನಿಲ್ಲಸಬೇಕಂತ. ಈ ವಾರ ಜ್ವರ ಬಂದು ಎರಡು ದಿನ ಮಲಗಿದೆ ನೋಡು, ಆಗ..."

"ನನಗ ಒಂದು ಮಾತು ಹೇಳಬಾರದಿತ್ತಾ?"

"ಹೇಳಬಾರದಂತ ನಮ್ಮವ್ವ ಆಣಿ ಹಾಕಿಸಿದ್ದಳು." ಆಮೇಲೆ ತಲೆಯೆತ್ತದೆ ಅಂದರು, "ನೀ ಕೇಳಿದ್ರ ಆಣಿ ಮುರೀತಿದ್ದೆ. ನೀ ಕೇಳಲಿಲ್ಲ."

ಮರುದಿನ ನಸುಕಿನಲ್ಲೇ ನಾವಿಬ್ಬರೂ ರಾಶಿಯ ಬಳಿಗೆ ಹೋದೆವು. ಅರ್ಧ ಮಣ್ಣನ್ನು ಆಗಲೇ ಗಾಡಿಯವರು ರಸ್ತೆಯ ತಗ್ಗಿಗೆ ಹೊತ್ತು ಹಾಕಿದ್ದರು. ಉಳಿದುದನ್ನು ಬಿಸಿಲೇರುವ ತನಕ ಬೆರಳಿನಿಂದ ಜಾಲಾಡಿದೆವು. ಏನೂ ಸಿಗಲಿಲ್ಲ. ಧರಣೇಂದ್ರಪ್ಪನವರು ದೂರದಿಂದ ನೋಡಿದರು. ಬಳಿಗೆ ಬಂದು ತಮ್ಮ ಜರಡಿಯನ್ನು ನಮ್ಮ ಪಕ್ಕದಲ್ಲಿಟ್ಟು ಹೋದರು.

ಮನೆಗೆ ಬಂದು ಸ್ನಾನ, ಪೂಜೆ ಮುಗಿಸಿದ ಮೇಲೆ ನಮ್ಮವರು ಅಡಿಗೆಮನೆಯಲ್ಲಿ ಒಲೆಯ ಪಕ್ಕದ ಕಲ್ಲೊಂದನ್ನು ಮೀಟಿ ಎಬ್ಬಿಸಿದರು. ಅಡಿಯ ಮಣ್ಣನ್ನು ಕೈಯಿಂದಲೇ ತೋಡಿದರು. ಬಳೆಯನ್ನೂ ಹುಲಿಗೆಮ್ಮನ ಚೀಟಿಯನ್ನೂ ಮೊಸರಿನ ಕುಡಿಕೆಯಲ್ಲಿಟ್ಟು ನಾನು ಕೊಟ್ಟೆ. ಯಾವ ಮಂತ್ರ ಹೇಳಬೇಕೋ ಇಬ್ಬರಿಗೂ ತಿಳಿಯಲಿಲ್ಲ. ಕುಡಿಕೆಯ ಬಾಯಿಗೆ ಬಟ್ಟಲನ್ನು ಬೋರಲು ಹಾಕಿದೆ.

ಮುಂದಿನ ಗುರುವಾರ ದಿಬ್ಬದ ದಾರಿಯಲ್ಲಿ ಹುಲಿಗೆಮ್ಮನನ್ನು ಪಕ್ಕಕ್ಕೆ ಕರೆದೆ. "ಮನ್ಯಾಗ ಯಾಕ ಹೂಳಿದ್ರು ಅಂತ ಕೇಳಿದ್ದೆಲ್ಲ? ಕೂಸು ಎಲ್ಲೈತಿ ಅಂತ ತಾಯಿಗೆ ಗೊತ್ತಿರಲಿ ಅಂತ."

"ಇದು ಯಾವ ಪುಸ್ತಕದಾಗ ಐತ್ರಿ?" ಎಂದಳು.

"ಇನ್ನೂ ಯಾರೂ ಬರೆದಿಲ್ಲ" ಎಂದೆ.

ನಮ್ಮವರು ಹೋಗಿ ಹದಿಮೂರು ತಿಂಗಳಾಯಿತು. ಅವರನ್ನು ಎಲ್ಲಿಗೆ ಒಯ್ದರೆಂದು ನನಗೆ ಗೊತ್ತು, ಅಷ್ಟು ಸಮಾಧಾನವಿದೆ. ಕಾಗದದ ಚೀಟಿ ಇಷ್ಟು ಹೊತ್ತಿಗೆ ಮಣ್ಣಾಗಿರಬೇಕು. ಸಂಜೆ ದೀಪ ಹಚ್ಚಿ, ಹಾಲು ಕಾಯಿಸಿ, ಒಲೆ ಆರಿಸುತ್ತೇನೆ. ಬರಿಗಾಲಿಗೆ ಆ ಕಲ್ಲು ಇನ್ನೂ ಬೆಚ್ಚಗಿರುತ್ತದೆ. ಹಾಲಿನ ಮೇಲೆ ಬಟ್ಟಲನ್ನು ಬೋರಲು ಹಾಕುವಾಗ, ಸದ್ದಾಗದ ಹಾಗೆ, ಮೆಲ್ಲಗೆ ಹಾಕುತ್ತೇನೆ.