ಕಟ್ಟಿನ ಮಾತು

ನನ್ನ ತಂಗಿ ಸೇರಿಕೊಂಡ ಹೊಸ ಪಂಥದಲ್ಲಿ ಎಲ್ಲರ ಹೆಸರೂ ಒಂದೇ, ‘ಉಸಿರು’. ಬಟ್ಟೆ ಒಗೆಯುವವಳೂ ಉಸಿರು, ಬಾಗಿಲು ಕಾಯುವವನೂ ಉಸಿರು. ಗುರು ಮಾತ್ರ ‘ಮೂಲ ಉಸಿರು’. ಆ ಮಹಾನುಭಾವ ಮೊದಲು ಹಾಸಿಗೆ ಮಾರುತ್ತಿದ್ದನಂತೆ. ಆಗ ಜನರನ್ನು ಮಲಗಿಸುತ್ತಿದ್ದವನು ಈಗ ಎಬ್ಬಿಸಲು ಹೊರಟಿದ್ದಾನೆ. ಪತ್ರಿಕೆಯವರು ಏನೇನೋ ಬರೆದರು, ಪೊಲೀಸರು ಹೋಗಿ ಬಂದರು. ಒಳಗಿದ್ದವರು ಮಾತ್ರ ಹೊರಗೆ ಬರಲಿಲ್ಲ.

ಅಮ್ಮ, ಅಪ್ಪ, ಅಕ್ಕ ಅನ್ನುವುದೆಲ್ಲ ಅಲ್ಲಿ ‘ಕಟ್ಟಿನ ಮಾತು’. ಆಡಿದರೆ ಕಿಟಕಿಯಿಲ್ಲದ ಕೋಣೆಯಲ್ಲಿ ಒಬ್ಬರೇ ಕೂರಬೇಕು. ಒಮ್ಮೆ ನನ್ನ ಟೈಲರ್ ಅಂಗಡಿ ಮುಚ್ಚಿ ಅವಳನ್ನು ನೋಡಲು ಹೋಗಿದ್ದೆ. ರಾಶಿ ಬಿಳಿ ಬಟ್ಟೆಯ ನಡುವೆ ಇಸ್ತ್ರಿ ಮಾಡುತ್ತಿದ್ದಳು. ಬೆರಳು ಸುಟ್ಟುಕೊಂಡು ‘ಅಕ್ಕಾ’ ಅಂದುಬಿಟ್ಟಳು. ಯಾರೂ ಕೇಳಿಸಿಕೊಂಡಿರಲಿಲ್ಲ.

“ಕೈಗೆ ನೀರು ಹಾಕ್ಕೊಳ್ಳೇ,” ಅಂದೆ.

“ಮೊದಲು ಹೋಗಿ ಹೇಳಬೇಕು,” ಅಂದವಳೇ ತಾನಾಗಿಯೇ ಆ ಕೋಣೆಗೆ ನಡೆದಳು. ನನಗೆ ಮೈಯೆಲ್ಲ ಉರಿದುಹೋಯಿತು.

ಅಮ್ಮ ಆಸ್ಪತ್ರೆ ಸೇರುವ ಹೊತ್ತಿಗೆ ಅವಳ ಕಣ್ಣು ಪೂರ್ತಿ ಹೋಗಿತ್ತು. ಡಾಕ್ಟರು ಕೈಚೆಲ್ಲಿದ್ದರು. “ಪುಟ್ಟಿ ಒಂದ್ಸಲ ಅಮ್ಮಾ ಅನ್ಲಿ, ಸಾಕು,” ಅನ್ನುತ್ತಿದ್ದಳು. ಅವಳಿಗೆ ಬೇಕಾಗಿದ್ದು ಅದೊಂದೇ. ನಾನು ಹೋಗಿ ಪಂಥದವರ ಗೇಟಿನಲ್ಲಿ ಕೂತು, ಬೈದು, ಅತ್ತು ತಂಗಿಯನ್ನು ಕರೆತಂದೆ. ಜೊತೆಗೆ ಇನ್ನೊಬ್ಬಳು ಉಸಿರು ನೆರಳಿನ ಹಾಗೆ ಅಂಟಿಕೊಂಡು ಬಂದಳು.

ತಂಗಿ ಮಂಚದ ಪಕ್ಕ ನಿಂತು ಅಮ್ಮನ ಪಾದ ಮುಟ್ಟಿದಳು. “ಹೇಗಿದ್ದೀರಿ?” ಅಂದಳು.

“ಯಾರು ತಾಯಿ ನೀವು?” ಅಂದಳು ಅಮ್ಮ.

ನಾನು ತಂಗಿಯ ತೋಳು ಹಿಡಿದು ಅಲುಗಿಸಿದೆ. “ಹೇಳೇ. ಒಂದು ಮಾತು ಕಣೇ. ನಿನ್ನ ಗಂಟೇನು ಹೋಗುತ್ತೆ?” ಅವಳ ಬಾಯಿ ತೆರೆಯಿತು. ಜೊತೆಗೆ ಬಂದವಳು ಸುಮ್ಮನೆ ಗಂಟಲು ಸರಿಮಾಡಿಕೊಂಡಳು. ತೆರೆದ ಬಾಯಿ ಮುಚ್ಚಿತು.

ಆಗಲೇ ನರ್ಸ್ ಮಾತ್ರೆ ಹಿಡಿದು ಬಂದಳು. ಆ ಹುಡುಗಿ ವಾರ್ಡಿನ ಹೆಂಗಸರನ್ನೆಲ್ಲ ಕರೆಯುವುದೇ ಹೀಗೆ. “ಅಮ್ಮಾ, ಬಾಯಿ ತೆಗೀರಿ.”

ಅಮ್ಮನ ಮುಖ ಅರಳಿತು. “ಬಂದ್ಯಾ ಪುಟ್ಟಿ? ಇನ್ನೊಂದ್ಸಲ ಕರಿ.”

ನರ್ಸ್ ನನ್ನ ಮುಖ ನೋಡಿದಳು, ತಂಗಿಯ ಮುಖ ನೋಡಿದಳು. ಮಾತ್ರೆ ಬದಿಗಿಟ್ಟು ಕೈ ಹಿಡಿದುಕೊಂಡಳು. “ಬಂದೆ ಅಮ್ಮಾ.”

ಅಮ್ಮ ಆ ಕೈ ಬಿಡಲಿಲ್ಲ. ಸ್ವಲ್ಪ ಹೊತ್ತಿಗೆ ನರ್ಸೇ ಬೆರಳುಗಳನ್ನು ಮೆಲ್ಲಗೆ ಬಿಡಿಸಿ, ಹೊದಿಕೆಯನ್ನು ಮುಖದ ಮೇಲೆ ಎಳೆದಳು.

ತಂಗಿ ಗೋಡೆಗೆ ಒರಗಿ ಕುಸಿದು ಕೂತಿದ್ದಳು. “ಮನಸ್ಸಲ್ಲಿ ಅಂದೆ ಅಕ್ಕಾ,” ಅಂದಳು. “ನಿನ್ನಾಣೆ, ಮನಸ್ಸಲ್ಲಿ ಅಂದೆ.”

ಜೊತೆಗೆ ಬಂದವಳು ಅವಳ ಭುಜ ಮುಟ್ಟಿದಳು. ತಂಗಿ ತಲೆಯಾಡಿಸಿ ಎದ್ದು, ಸೆರಗು ಸರಿಮಾಡಿಕೊಂಡು, ‘ಅಕ್ಕಾ’ ಅಂದ ತಪ್ಪಿಗೆ ಕಿಟಕಿಯಿಲ್ಲದ ಕೋಣೆಗೆ ಹೊರಟಳು.

ಹೇಗೂ ಅಲ್ಲಿಗೇ ಹೋಗುವವಳು, ಅಮ್ಮಾ ಅಂದು ಹೋಗಬಾರದಿತ್ತೇ?