ಸತ್ತವರಿಲ್ಲದೆ ಹಾಡದ ಹಾಡು

ಮುದುಕಿ ಒಳಗೆ ಬಂದವಳೇ ಮೊದಲು ಮಾಡಿದ ಕೆಲಸವೆಂದರೆ ಹೆಣದ ಕಾಲಿನ ಹೆಬ್ಬೆರಳನ್ನು ಬಲವಾಗಿ ಹಿಂಡಿದ್ದು.

ನಡುಮನೆಯಲ್ಲಿ ಕೂತಿದ್ದವರೆಲ್ಲ ಕತ್ತು ಚಾಚಿ ನೋಡಿದರು. ತೀರಿಕೊಂಡವಳ ತಂಗಿ ಕುರ್ಚಿಯಿಂದ ಅರ್ಧ ಎದ್ದಳು. ಬೀದಿ ಕೊನೆಯ ಬೇಕರಿ ಅವಳದು. ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ.

"ಏನ್ರೀ ಇದು? ಯಾರಿವರು?"

"ಸಿಟ್ಟಾಗ್ಬೇಡಿ ಅಮ್ಮಾ" ಎಂದ ಶಿಷ್ಯ. ಅಕ್ಕನ ಕೈಕೆಳಗೆ ನಾನಾ ಜನರ ಹಾಡುಗಳ ಅಧ್ಯಯನ ಮಾಡುತ್ತಿದ್ದವನು ಅವನು. ಮುದುಕಿಯನ್ನು ಬೆಟ್ಟದಾಚೆಯಿಂದ ಬಸ್ಸಿನಲ್ಲಿ ಕರೆತಂದವನೂ ಅವನೇ, ಅವಳ ಭಾಷೆ ಬಲ್ಲವನೂ ಅಲ್ಲಿ ಅವನೊಬ್ಬನೇ. "ನಿಜವಾಗ್ಲೂ ಸತ್ತಿದ್ದಾರಾ ಅಂತ ನೋಡ್ತಿದ್ದಾರೆ. ಮೇಡಂ ಒಂದ್ಸಲ ಇವರಿಗೆ ಮೋಸ ಮಾಡೋಕೆ ನೋಡಿದ್ರು."

ಮುದುಕಿ ಶವಪೆಟ್ಟಿಗೆಯಲ್ಲಿದ್ದ ಅಕ್ಕನ ಮುಖವನ್ನು ಬಹಳ ಹೊತ್ತು ನೋಡಿದಳು. ಅಂಗೈಯಿಂದ ಕಣ್ಣೊರೆಸಿಕೊಂಡು ಏನೋ ಗೊಣಗಿದಳು.

"'ಈ ಸಲ ನಿಜ' ಅಂತಿದ್ದಾರೆ" ಎಂದ ಶಿಷ್ಯ.

*

ಅಕ್ಕನಿಗೆ ಜನರ ಹಾಡು ಕೇಳುವುದೇ ಕಸುಬು. ದೋಣಿ ಹುಟ್ಟು ಹಾಕುವವರು, ಕಾಳು ಕುಟ್ಟುವವರು, ಕಾಡಿನಲ್ಲಿ ತಪ್ಪಿದ ದನವನ್ನು ಹಾಡಿ ಕರೆಯುವವರು, ಇಂಥವರು ಎಲ್ಲಿದ್ದರೆ ಅಲ್ಲಿಗೆ ಧ್ವನಿಮುದ್ರಣದ ಯಂತ್ರ ಹೆಗಲಿಗೇರಿಸಿ ಹೊರಡುತ್ತಿದ್ದಳು. "ಅನ್ನವಿಲ್ಲದ ಮನೆ ನೋಡಿದ್ದೀನಿ, ಹಾಡಿಲ್ಲದ ಮನೆ ನೋಡಿಲ್ಲ" ಎನ್ನುತ್ತಿದ್ದಳು. ಪ್ರತಿ ಸಲ ಹಾಗೆ ಹೇಳುವಾಗಲೂ ಅವಳ ಕಣ್ಣು ಅಗಲವಾಗುತ್ತಿತ್ತು.

ಬೆಟ್ಟದಾಚೆಯ ಜನರಲ್ಲಿ ಸತ್ತವರನ್ನು ಕಳಿಸಿಕೊಡುವ ಹಾಡೊಂದಿದೆ ಎಂದು ಕೇಳಿ, ಚಿಕ್ಕ ವಯಸ್ಸಿನಲ್ಲೇ ಅಲ್ಲಿಗೆ ಹೋಗಿದ್ದಳು. ಮುದುಕಿಯ ತಲೆ ಆಗಿನ್ನೂ ಕಪ್ಪಗಿತ್ತು.

"ಯಾರು ಸತ್ರು?" ಎಂದು ಕೇಳಿದ್ದಳು ಅವಳು.

"ಯಾರೂ ಇಲ್ಲ. ಸುಮ್ನೆ ಹಾಡಿ ತೋರಿಸಿ."

"ಹಸಿವಿಲ್ಲದ ಕೂಸಿನ ಬಾಯಿಗೆ ಯಾರಾದ್ರೂ ತುರುಕ್ತಾರಾ? ಸತ್ತವರಿಲ್ದೆ ಇದನ್ನ ಹಾಡಲ್ಲ, ಹೋಗು."

ಅಕ್ಕ ಬಿಡುವವಳೇ? ಯಂತ್ರ ಶುರು ಮಾಡಿ, ಚಾಪೆಯ ಮೇಲೆ ಅಂಗಾತ ಮಲಗಿ, ಎದೆಯ ಮೇಲೆ ಕೈ ಜೋಡಿಸಿ ಕಣ್ಣು ಮುಚ್ಚಿದಳು. "ನಾನೇ ಸತ್ತೆ ಅಂದ್ಕೊಳ್ಳಿ. ಹಾಡಿ."

ಒಂದು ಬಕೆಟ್ ತಣ್ಣೀರು ಅವಳ ಮೇಲೆ ಬಿತ್ತು. ಯಂತ್ರ ಹೇಗೋ ಬಚಾವಾಯಿತು. ಅದರಲ್ಲಿ ಉಳಿದದ್ದು ಇಷ್ಟು: ಧೊಪ್ಪನೆ ನೀರು ಸುರಿದ ಸದ್ದು, ಅಕ್ಕನ ಚೀರಾಟ, ಆಮೇಲೆ ಆ ಹೆಂಗಸಿನ ಮಾತು: "ನೀನು ಸತ್ತಾಗ ಹೇಳಿ ಕಳಿಸು. ನಾನಿದ್ರೆ ಬರ್ತೀನಿ." ಹೊಸ ವಿದ್ಯಾರ್ಥಿಗಳಿಗೆಲ್ಲ ಅಕ್ಕ ಇದನ್ನೇ ಮೊದಲು ಕೇಳಿಸುತ್ತಿದ್ದಳು. ಹೊಟ್ಟೆ ಹಿಡಿದು ನಕ್ಕು, ಕೊನೆಗೆ ಮಾತ್ರ ಮೆಲ್ಲಗೆ ಹೇಳುತ್ತಿದ್ದಳು: "ಆ ಹಾಡನ್ನ ಮುಂದೆ ನೀವೆಲ್ಲ ಕೇಳ್ತೀರಿ. ನಾನೊಬ್ಳೇ ಕೇಳೋಕಾಗಲ್ಲ."

*

"ಒಂದು ತೊಡಕಿದೆ ಅಮ್ಮಾ" ಎಂದು ಶಿಷ್ಯ ತಂಗಿಯನ್ನು ಅಡುಗೆಮನೆಗೆ ಕರೆದ. "ಈ ಹಾಡಲ್ಲಿ ಅವರು ಪ್ರಶ್ನೆ ಕೇಳ್ತಾರೆ. ಸತ್ತವರ ರಕ್ತಸಂಬಂಧಿ ಉತ್ತರ ಕೊಡ್ಬೇಕು. ನಮ್ಮ ಭಾಷೇಲೇ ಆಗುತ್ತೆ, ಆದ್ರೆ ಹಾಡ್ಕೊಂಡೇ ಹೇಳ್ಬೇಕು. ಉತ್ತರ ಬರ್ಲಿಲ್ಲ ಅಂದ್ರೆ ಹಾಡು ಅಲ್ಲಿಗೇ ನಿಲ್ಲುತ್ತೆ."

ಅಕ್ಕನಿಗೆ ಮದುವೆಯಿಲ್ಲ, ಮಕ್ಕಳಿಲ್ಲ. ರಕ್ತಸಂಬಂಧ ಎಂದರೆ ತಂಗಿ ಒಬ್ಬಳೇ.

"ನನ್ನ ಕೈಲಾಗಲ್ಲಪ್ಪ. ನಾನು ಬಾಯಿ ತೆಗೆದ್ರೆ ಪೆಟ್ಟಿಗೇಲಿರೋಳು ಎದ್ದು ಓಡ್ತಾಳೆ."

"ಹಾಡೇ" ಎಂದ ಬಾಗಿಲಲ್ಲಿ ನಿಂತಿದ್ದ ಅವಳ ಗಂಡ, ಬಸ್ ಡ್ರೈವರ್. "ನನ್ನ ಬೈಯೋವಾಗ ಎಂಥಾ ಸ್ವರ ಹೊರಡುತ್ತೆ ನಿಂಗೆ!"

"ಸುಮ್ನಿರ್ರೀ ನೀವು." ಅವಳು ಗೋಡೆಯತ್ತ ತಿರುಗಿದಳು. ಗಂಡ ನಗು ನುಂಗಿಕೊಂಡ.

"ಈ ಹಾಡು ಬಲ್ಲವರು ಈಗ ಇವರೊಬ್ರೇ" ಎಂದ ಶಿಷ್ಯ. "ಮೇಡಂ ಜೀವಮಾನವೆಲ್ಲ ಕಾದ್ರು. ಇವತ್ತು ಅರ್ಧಕ್ಕೆ ನಿಂತ್ರೆ ಹೋಯ್ತು. ಇನ್ನೊಂದು ವಿಷಯ, ಹೊಗಳೋ ಹಾಗಿಲ್ಲ. ಇದ್ದದ್ದು ಇದ್ದಹಾಗೆ ಹೇಳ್ಬೇಕು."

"ಇದ್ದದ್ದು ಇದ್ದಹಾಗಾ?" ಎಂದಳು ತಂಗಿ.

*

ಇಬ್ಬರೂ ಚಿಕ್ಕವರಿದ್ದಾಗ ಶಾಲೆಯ ಸಮೂಹಗಾನದಲ್ಲಿ ಯಾರೋ ಒಬ್ಬರು ಅಪಸ್ವರ ಹಾಡುತ್ತಿದ್ದರು. ಯಾರೆಂದು ಟೀಚರಿಗೆ ಪತ್ತೆಯಾಗಲಿಲ್ಲ. ಅಕ್ಕನ ಕಿವಿ ಆಗಲೇ ಚುರುಕು. ಅವಳು ತಿರುಗಿ ಸ್ವಂತ ತಂಗಿಯತ್ತ ಬೆರಳು ತೋರಿಸಿದಳು. ಅಂದಿನಿಂದ ತಂಗಿ ಹಿಂದಿನ ಸಾಲಿನಲ್ಲಿ ನಿಂತು ಬರೀ ತುಟಿ ಆಡಿಸಿದಳು. ಆಮೇಲೆ ಎಲ್ಲೂ ಹಾಡಲಿಲ್ಲ. ತನ್ನ ಮಕ್ಕಳನ್ನು ಸಹ ಬಾಯಿ ಮುಚ್ಚಿಕೊಂಡೇ ಮಲಗಿಸಿದಳು.

ಮುಂದೆ ಅಕ್ಕ ದೊಡ್ಡ ಸಭಾಂಗಣದಲ್ಲಿ ಭಾಷಣ ಮಾಡಿದಾಗ ತಂಗಿಯೂ ಹೋಗಿದ್ದಳು. "ಅಪಸ್ವರ ಅಂತ ಯಾವುದೂ ಇಲ್ಲ. ನಮ್ಮ ಕಿವಿ ಇನ್ನೂ ಹೋಗದ ಊರಿನ ಸ್ವರ ಅದು" ಎಂದಳು ಅಕ್ಕ. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಆ ಸಂಜೆ ಅಕ್ಕ ಬೇಕರಿಗೆ ಬಂದಳು. ಈಗ ಹೇಳುತ್ತಾಳೆ, ಇನ್ನೇನು ಹೇಳುತ್ತಾಳೆ ಎಂದು ತಂಗಿ ಕಾದೇ ಕಾದಳು. ಅಕ್ಕ ಇನ್ನೊಂದು ಬನ್ ಕೇಳಿದಳು, ಅಷ್ಟೇ. ಊರಿಗೆಲ್ಲ ಹೇಳಿದವಳಿಗೆ ಮನೆಯವಳಿಗೆ ಹೇಳುವುದು ನೆನಪಾಗಲಿಲ್ಲ. 

*

ಸ್ಮಶಾನದಲ್ಲಿ ಪೆಟ್ಟಿಗೆಯನ್ನು ಗುಂಡಿಯ ಮೇಲೆ ಅಡ್ಡಹಲಗೆಗಳ ಮೇಲಿಟ್ಟಿದ್ದರು. ಗುಂಡಿ ತೋಡಿದ ಇಬ್ಬರು ಹಗ್ಗ ಹಿಡಿದು ನಿಂತಿದ್ದರು. ಮುದುಕಿ ಅದರ ಪಕ್ಕದಲ್ಲಿ ನೆಲಕ್ಕೆ ಕೂತು ಹಾಡತೊಡಗಿದಳು.

ಅಬ್ಬಾ, ಅದೆಂಥ ದನಿ! ಅಷ್ಟು ಒಣಗಿದ ಎದೆಯೊಳಗೆ ಅದು ಎಲ್ಲಿ ಅಡಗಿತ್ತೋ. ಕೆಳಗೊಂದು ಸ್ವರ ನೆಲದುದ್ದಕ್ಕೂ ಹರಿಯುತ್ತಿತ್ತು, ಅದೇ ಬಾಯಿಂದ ಇನ್ನೊಂದು ತೆಳ್ಳಗೆ ಮೇಲೇರುತ್ತಿತ್ತು. ಕೇಳಿದವರ ಮೈಯೆಲ್ಲ ಜುಮ್ಮೆಂದಿತು. ಡ್ರೈವರ್ ತನಗರಿವಿಲ್ಲದೆ ಟೋಪಿ ತೆಗೆದ. ಶಿಷ್ಯ ಯಂತ್ರವನ್ನು ಅವಳ ಹತ್ತಿರಕ್ಕೆ ಹಿಡಿದ.

ಹಾಡು ನಿಂತಿತು. ಮುದುಕಿ ತಂಗಿಯತ್ತ ನೋಡಿದಳು.

"'ಇವಳು ನಿನಗೇನಾಗ್ಬೇಕು?' ಅಂತ ಕೇಳ್ತಿದ್ದಾರೆ" ಎಂದ ಶಿಷ್ಯ ಪಿಸುದನಿಯಲ್ಲಿ.

ತಂಗಿ ತಲೆ ತಗ್ಗಿಸಿದಳು. ಮುದುಕಿ ಮತ್ತೆ ಕೇಳಿದಳು. ಈ ಸಲ ದನಿ ಸೊರಗಿತ್ತು.

"ಮೂರನೇ ಸಲ ಕೇಳಲ್ಲಮ್ಮ" ಎಂದ ಶಿಷ್ಯ.

ತಂಗಿ ಪೆಟ್ಟಿಗೆಯನ್ನು ನೋಡಿದಳು. ಬಾಯಿ ತೆರೆದಳು. "ಅಕ್ಕ..." ಎಣ್ಣೆ ಕಾಣದ ಬಾಗಿಲಿನಂಥ ದನಿ ಹೊರಟಿತು. ಹಿಂದೆ ಯಾರೋ ಕೆಮ್ಮಿದರು. ಅವಳು ನಿಲ್ಲಿಸುವುದರಲ್ಲಿದ್ದಳು. ಅಷ್ಟರಲ್ಲಿ ಮುದುಕಿ ತನ್ನ ಸ್ವರವನ್ನು ಬಿಟ್ಟು, ಸರಸರನೆ ಕೆಳಗಿಳಿದು, ತಂಗಿಯ ಸ್ವರ ಎಲ್ಲಿತ್ತೋ ಅಲ್ಲೇ ಬಂದು ನಿಂತಳು. ಎರಡೂ ಜೊತೆಗೂಡಿದವು.

ಮುದುಕಿಯ ಮುಂದಿನ ಪ್ರಶ್ನೆ: ಅಕ್ಕ ಏನು ಕಂಡರೆ ಹೆದರುತ್ತಿದ್ದಳು? "ಜಿರಳೆ ಕಂಡ್ರೆ" ಎಂದು ಹಾಡಿದಳು ತಂಗಿ. ಯಾವ ಕೆಲಸ ತಪ್ಪಿಸಿಕೊಳ್ಳುತ್ತಿದ್ದಳು? "ಪಾತ್ರೆ ತೊಳೆಯೋದು." ಅಳುತ್ತಿದ್ದವರು ನಕ್ಕರು, ನಕ್ಕವರು ಮತ್ತೆ ಅತ್ತರು.

ಆಮೇಲೆ ಹಾಡು ತೀರ ಸಣ್ಣದಾಯಿತು. ಶಿಷ್ಯ ತಡವರಿಸಿದ. "'ಇವಳ ಮೇಲೆ ನಿನಗೇನು ಸಿಟ್ಟು?' ಅಂತ..."

"ನನ್ನ ಬಾಯಿ ಮುಚ್ಚಿಸಿದ್ಯಲ್ಲೇ ಅಕ್ಕಾ" ಎಂದು ತಂಗಿ ಹಾಡಿದಳು. "ಎಲ್ಲರ ಹಾಡು ಕೇಳಿದ್ಯಲ್ಲೇ, ನಂದು ಕೇಳಲಿಲ್ಲವಲ್ಲೇ..."

ಮುದುಕಿ ಬಾಯಿ ಮುಚ್ಚಿದಳು.

"ಆಯ್ತಮ್ಮ. ಕೊನೇ ಪ್ರಶ್ನೆ ಅದೇ" ಎಂದ ಶಿಷ್ಯ.

ತಂಗಿಗೆ ಅದು ಕೇಳಿಸಲಿಲ್ಲ. ಪ್ರಶ್ನೆ ಮುಗಿದಿತ್ತು, ಮಾತೂ ಮುಗಿದಿತ್ತು. ಅವಳು ಮಾತ್ರ ಹಾಡುತ್ತಲೇ ಇದ್ದಳು, ಒಡೆದ ದನಿಯಲ್ಲಿ, ಮೇಲೆ ಕೆಳಗೆ, ತನಗೆ ತೋಚಿದ ಹಾಗೆ. ಗುಂಡಿಯವರು ಹಗ್ಗ ಬಿಗಿಮಾಡಿ ಮುಂದೆ ಬಂದರು. ಮುದುಕಿ ಕೈಯೆತ್ತಿ ಅವರನ್ನು ತಡೆದಳು. ಕೂತಲ್ಲಿಂದಲೇ ತಂಗಿಯ ಹತ್ತಿರಕ್ಕೆ ಸರಿದು, ಕಿವಿಗೆ ಅಂಗೈ ಒಡ್ಡಿ, ಕಣ್ಣು ಮುಚ್ಚಿದಳು. ಆ ಇಬ್ಬರೂ ಹಗ್ಗ ಕೆಳಗಿಟ್ಟು ಅಗೆದ ಮಣ್ಣಿನ ಮೇಲೆ ಕೂತರು.