ಲಾಯದೊಳಗೆ ಈರಮ್ಮ

ಪಂಚವಟಿಯ ಹಿಂದಿನ ಗಲ್ಲಿಯಲ್ಲಿ ಮದುವೆ ಮೆರವಣಿಗೆಗೆ ಕುದುರೆ ಕೊಡುತ್ತಿದ್ದವನು ಭಾಲ್ಕಿ ಕಡೆಯ ವೈಜನಾಥ. ಅವನ ಹೆಂಡತಿ ಈರಮ್ಮ ಆ ಮನೆ ಹೊಕ್ಕು ಒಂಬತ್ತು ವರ್ಷವಾಗಿತ್ತು. ಬಿಳಿ ಹೆಣ್ಣುಕುದುರೆ ಚಾಂದನಿಗೆ ಹುಲ್ಲು ಹಾಕುವುದು, ಲದ್ದಿ ಬಳಿಯುವುದು, ವಾರಕ್ಕೊಮ್ಮೆ ಜೀನಿನ ಪಟ್ಟಿಗಳಿಗೆ ಎಣ್ಣೆ ತಿಕ್ಕುವುದು ಅವಳ ಪಾಲು. ಜೀನು ಬಿಗಿಯುವುದು, ಬಿಚ್ಚುವುದು ಮಾತ್ರ ಅವನದೇ. "ಅದು ಹೆಣ್ಮಕ್ಕಳ ಕೆಲಸ ಅಲ್ಲ" ಎಂದು ಒಮ್ಮೆ ಹೇಳಿದವನು ಮತ್ತೆ ಆ ಮಾತು ಎತ್ತಗೊಟ್ಟಿರಲಿಲ್ಲ.

ಎಪ್ಪತ್ತೊಂದರ ವೈಶಾಖದಲ್ಲಿ ಅವನ ಕಾಲು ಮುರಿದು ಪ್ಲಾಸ್ಟರ್ ಬಿತ್ತು. ಒಂದು ಬೆಳಿಗ್ಗೆ ಅವನ ತಮ್ಮ ಜಯಕರ ಜೀನು ಹಾಕಿ ಕುದುರೆ ಒಯ್ದ. ವರ ಹತ್ತುವ ಮೊದಲೇ ಪಟಾಕಿ ಸಿಡಿಯಿತು. ಚಾಂದನಿ ಜಯಕರನ ಕೈಯಿಂದ ಕೊಸರಿಕೊಂಡು ಮನೆಗೇ ಓಡಿ ಬಂತು.

ಈರಮ್ಮ ಆಗ ಲಾಯದೊಳಗೆ ಹುಲ್ಲು ಹಾಕುತ್ತಿದ್ದಳು. ಲಾಯವೆಂದರೆ ಒಂದು ಕುದುರೆ ನಿಲ್ಲುವಷ್ಟೇ ಜಾಗ. ಬಾಗಿಲ ಬೆಳಕು ಮುಚ್ಚಿತು. ಮರುಗಳಿಗೆಗೆ ಅವಳ ಬೆನ್ನು ಗೋಡೆಗೆ, ಎದೆ ಕುದುರೆಯ ಭುಜಕ್ಕೆ ಒತ್ತಿಹೋಗಿತ್ತು. ಜೀನು ಹೊರಳಿ ಹೊಟ್ಟೆಯ ಕೆಳಗೆ ಜೋತಾಡುತ್ತಿತ್ತು. ಅದು ಕಾಲಿಗೆ ತಾಗಿದಾಗಲೆಲ್ಲ ಚಾಂದನಿ ಬೆಚ್ಚಿ ಇನ್ನಷ್ಟು ಒತ್ತುತ್ತಿತ್ತು. ಈರಮ್ಮನಿಗೆ ಉಸಿರು ಅರ್ಧಕ್ಕೇ ನಿಲ್ಲುತ್ತಿತ್ತು.

"ಏನಾತು?" ಮಂಚದಿಂದ ವೈಜನಾಥ ಕೂಗಿದ.

"ಜೀನು ಹೊಟ್ಟಿ ಕೆಳಗ ಬಂದದರಿ. ನಾ ಗ್ವಾಡಿಗಿ ಸಿಕ್ಕೀನಿ."

"ಹೊಟ್ಟಿಪಟ್ಟಿ ಬಿಚ್ಚು ಮೊದಲ! ಲಗೂ ಬಿಚ್ಚು!"

ಅವಳ ಕೈ ಅತ್ತ ಹೋಗಿ ನಿಂತಿತು. ಜೀನನ್ನು ಕುದುರೆಯ ಎದೆಗೆ ಕಟ್ಟಿದ ಎದೆಪಟ್ಟಿ ಇನ್ನೂ ಬಿಗಿಯಾಗಿತ್ತು. ಹೊಟ್ಟೆಪಟ್ಟಿ ಬಿಚ್ಚಿದರೂ ಜೀನು ಕೆಳಗೆ ಬೀಳುವುದಿಲ್ಲ. ಎದೆಗೆ ನೇತುಬಿದ್ದು ಮುಂಗಾಲಿಗೆ ತೊಡರುತ್ತದೆ. ಆಮೇಲೆ ಕುದುರೆ ಎಗರುವುದು ತನ್ನ ಮೇಲೆಯೇ.

"ಬಿಚ್ಚಿದೇನು?"

ಆ ಕೂಗಿಗೆ ಕುದುರೆಯ ಕಿವಿ ಹಿಂದಕ್ಕೆ ಮಡಚಿಕೊಂಡಿತು.

"ಸುಮ್ಮಿರ್ರಿ ಒಂದೀಟು" ಎಂದಳು. ಗಂಡನಿಗೆ ಹಾಗೆ ಹೇಳಿದ್ದು ಅದೇ ಮೊದಲು.

ಕತ್ತು ಸವರುತ್ತ ಎದೆಪಟ್ಟಿಯ ಬಕಲು ಹುಡುಕಿದಳು. ಎಣ್ಣೆ ತಿಕ್ಕಿ ತಿಕ್ಕಿ ಬೆರಳಿಗೆ ಅದರ ಗುರುತಿತ್ತು. ಬಿಚ್ಚಿತು. ಚಾಂದನಿ ದೊಡ್ಡ ಉಸಿರು ಬಿಡುವವರೆಗೆ ಕಾದು, ಅದರ ಪಕ್ಕೆಯ ಮೇಲಿನ ಹೊಟ್ಟೆಪಟ್ಟಿಯ ಬಕಲು ಎಳೆದಳು. ಜೀನು ದಪ್ಪನೆ ಬಿತ್ತು. ಕುದುರೆ ಬೆದರಿ ಒಮ್ಮೆ ಬಲವಾಗಿ ಒತ್ತಿತು; ಅವಳ ಪಕ್ಕೆಯಲ್ಲಿ ಏನೋ ಲಟಕ್ಕೆಂದಿತು. ಕಣ್ಣು ಕತ್ತಲಿಟ್ಟರೂ ಅವಳು ಕೂಗಲಿಲ್ಲ. ಹೆಬ್ಬೆರಳಿಂದ ಭುಜ ಒತ್ತಿ "ಸರಿ, ತಾಯಿ, ಸರಿ" ಎಂದಾಗ ಚಾಂದನಿ ಒಂದು ಹೆಜ್ಜೆ ಆಚೆ ಸರಿಯಿತು.

ಹೊರಬಿದ್ದ ಮೇಲೂ ಕಡಿವಾಣವನ್ನು ಅವಸರದಲ್ಲಿ ಕೀಳಲಿಲ್ಲ. ಮೊದಲು ಕುತ್ತಿಗೆಗೆ ಹಗ್ಗ ಹಾಕಿ, ಕಿವಿಯ ಹಿಂದಿನ ಪಟ್ಟಿ ಜಾರಿಸಿ, ಕುದುರೆ ತಾನೇ ಬಾಯಿ ಬಿಡುವವರೆಗೆ ಕಾದಳು.

ಸಂಜೆ ಮುಖ ಸಣ್ಣ ಮಾಡಿಕೊಂಡು ಜಯಕರ ಬಂದ. "ನಾ ಇಲ್ಲಿಂದ ಹೇಳಕೋತ ಹೋದೆ, ಅಕಿ ಬಿಚ್ಚಿದಳು" ಎಂದ ವೈಜನಾಥ.

ಪಕ್ಕೆಗೆ ಬಟ್ಟೆ ಬಿಗಿದುಕೊಂಡು ಕೂತಿದ್ದ ಈರಮ್ಮ ತಲೆಯೆತ್ತಿದಳು. "ನೀವು ಹೇಳ್ದಂಗ ಮಾಡಿದ್ರ ನನ್ನ ಹೆಣ ತೆಗೀಬೇಕಾಗತಿತ್ತರಿ. ಎದಿಪಟ್ಟಿ ಬಿಗಿದೇ ಇತ್ತು."

ಎದೆಪಟ್ಟಿಯ ಮಾತನ್ನೇ ತಾನು ಎತ್ತಿರಲಿಲ್ಲವೆಂದು ವೈಜನಾಥನಿಗೆ ಆಗ ಹೊಳೆಯಿತು.

ತಿಂಗಳಾದ ಮೇಲೆ ನಿಫಾಡದ ಮದುವೆಗೆ ಜೀನು ಬಿಗಿದವಳು ಈರಮ್ಮ. "ಇನ್ನೊಂದು ತೂತು ಬಿಗಿ" ಎಂದ ವೈಜನಾಥ, ಮೆತ್ತಗೆ. ಅವಳು ಜೀನು ಬಿದ್ದೊಡನೆ ಹೊಟ್ಟೆ ಉಬ್ಬಿಸಿಕೊಂಡಿದ್ದ ಚಾಂದನಿಯನ್ನು ನಾಲ್ಕು ಹೆಜ್ಜೆ ನಡೆಸಿ, ಅದು ಉಸಿರು ಬಿಟ್ಟ ಮೇಲೆ ಬಿಗಿದಳು.